ಮಾತು ಹಿಡಿಯುವ ಹೊಳೆ

ನಮ್ಮ ಭೀಮನಬೀಡಿನಲ್ಲಿ ಹೊಳೆ ಇಲ್ಲ. ನನಗೆ ಈಜು ಬರುವುದಿಲ್ಲ. ಶಾಲೆಯನ್ನೂ ಎರಡನೇ ಕ್ಲಾಸಿಗೇ ಬಿಟ್ಟವಳು. ಹೀಗಿದ್ದೂ ಒಂದು ಹೊಳೆಯನ್ನು ಪೂರ್ತಿ ನಾನೊಬ್ಬಳೇ ಹರಿಸಿದೆ ಎಂದು ಹೇಳಿಕೊಳ್ಳಲು ನನಗೆ ಈಗಲೂ ಹಿಗ್ಗು.

ಚಾಮರಾಜನಗರ ಇನ್ನೂ ಮೈಸೂರು ಜಿಲ್ಲೆಗೇ ಸೇರಿದ್ದ ಕಾಲ. ಅಲ್ಲಿದ್ದ ನನ್ನ ಮಗಳಿಗೆ ಎರಡನೆಯ ಬಸುರು. ಮಲಗಿದಲ್ಲೇ ಇರಬೇಕು, ತವರಿಗೂ ಹೋಗಕೂಡದು ಎಂದು ಡಾಕ್ಟರಮ್ಮ ಹೇಳಿದ್ದರು. ಅವಳನ್ನು ಅವಳ ಅತ್ತೆ ನೋಡಿಕೊಂಡರು. ಐದು ವರ್ಷದ ಮೊಮ್ಮಗಳನ್ನು ಅಳಿಯಂದಿರು ತಂದು ನಮ್ಮಲ್ಲಿ ಬಿಟ್ಟರು. ಮಗುವೋ, ಮುದ್ದೆ ಕಂಡರೆ ಬಾಯಿಗೆ ಬೀಗ.

ಆ ಬೀಗ ತೆಗೆಯಲು ಹೊಳೆ ಹುಟ್ಟಿತು. ಗೋಪಾಲಸ್ವಾಮಿ ಬೆಟ್ಟದ ಬೆನ್ನಿಗೆ ಬೇರೆಯದೇ ಲೋಕವಿದೆ, ಅಲ್ಲಿ ಅರಿಸಿನ ಬೇಯಿಸಿದ ನೀರಿನ ಬಣ್ಣದ ಹೊಳೆ ತಗ್ಗಿನಿಂದ ದಿಬ್ಬಕ್ಕೆ ಹರಿಯುತ್ತದೆ ಎಂದೆ. ಒಂದು ತುತ್ತಿಗೆ ಹೊಳೆಯ ಒಂದು ತಿರುವು. ಮೀನುಗಳು ದಡಕ್ಕೆ ಬಂದು ಜಡೆ ಹಾಕಿಸಿಕೊಳ್ಳುತ್ತವೆ. ಆದರೆ ಅದು ಅಪಾಯದ ಹೊಳೆಯೂ ಹೌದು. ದಡದ ಉದ್ದಕ್ಕೂ ಪಾಪಾಸುಕಳ್ಳಿಯ ಹಾಗೆ ಕಿವಿಗಳು ಬೆಳೆದಿವೆ. ಯಾರು ಏನಂದರೂ ಕೇಳಿಸಿಕೊಂಡು ಹಾಗೆಯೇ ಮಾಡಿಬಿಡುತ್ತದೆ, ತಮಾಷೆ ತಿಳಿಯದು. ಒಬ್ಬ ಹೆಂಗಸು ‘ನಾಚಿ ನೀರಾದೆ’ ಎಂದಳು, ನೀರೇ ಆದಳು. ಸೀರೆ ಮಾತ್ರ ದಡದಲ್ಲಿ ಉಳಿಯಿತು. ಒಬ್ಬ ಪಕ್ಕದವನ ಎತ್ತು ನೋಡಿ ‘ಹೊಟ್ಟೆ ಉರಿತದೆ’ ಎಂದ, ಮೂಗಿನಲ್ಲಿ ಹೊಗೆ ಬಂತು. ಇನ್ನೊಬ್ಬ ಹೆಂಡತಿಗೆ ‘ಓಯ್ತಿನಿ’ ಎಂದಷ್ಟೇ ಹೇಳಿ ಹೊರಟ. ಹೊಳೆ ಅವನನ್ನು ಎತ್ತಿಕೊಂಡು ಹೋಯಿತು. ಇವತ್ತಿಗೂ ಹೋಗುತ್ತಲೇ ಇದ್ದಾನೆ. ‘ಓಗಿ ಬತ್ತಿನಿ’ ಎಂದಿದ್ದರೆ ಅದೇ ಹೊಳೆ ಸಂಜೆಗೆ ಅವನನ್ನು ಬಾಗಿಲಿಗೆ ತಂದು ಇಳಿಸಬೇಕಿತ್ತು.

ಈ ಕೊನೆಯದನ್ನು ಬೇಕೆಂದೇ ಸೇರಿಸಿದ್ದೆ. ಆಟಕ್ಕೆ ಹೊರಡುವಾಗ ಮಗು ‘ಹೋಗ್ತೀನಿ’ ಎನ್ನುತ್ತಿತ್ತು. ಹೊಸಿಲು ದಾಟುವಾಗ ನಮ್ಮಲ್ಲಿ ಆ ಮಾತು ಆಡುವುದಿಲ್ಲ.

ಅದರ ಫಲ ಉಂಡವರು ನಾವು. ಹೊಲಕ್ಕೆ ಹೊರಟ ಯಜಮಾನರು ಮರೆತು ‘ಓಯ್ತಿನಿ’ ಎಂದರೆ, ಮೊಮ್ಮಗಳು ಬೀದಿಯ ತಿರುವಿನಿಂದ ಪಂಚೆ ಹಿಡಿದು ವಾಪಸು ಕರೆತರುತ್ತಿದ್ದಳು. ಜಗಲಿಯಲ್ಲಿ ಕೂತು, ಮತ್ತೆ ಎದ್ದು, ಸರಿಯಾಗಿ ಹೇಳಿಯೇ ಅವರು ಹೊರಡಬೇಕು. ಬೇಗೂರಿನಲ್ಲಿ ಒಮ್ಮೆ ಕಂಡಕ್ಟರು ‘ಹೋಗನ, ರೈಟ್’ ಎಂದು ಸೀಟಿ ಊದಿದ. ಇವಳು ಇಡೀ ಬಸ್ಸಿನ ಪರವಾಗಿ ‘ಓಗಿ ಬತ್ತಿವಿ’ ಎಂದು ಮೆಲ್ಲಗೆ ಸೇರಿಸಿದಳು.

ಯಜಮಾನರು ನನ್ನನ್ನು ಕೆಣಕುತ್ತಿದ್ದರು. “ನಿನ್ ಹೊಳೆಗೆ ವಸಿ ಹೇಳಮ್ಮಿ, ನಮ್ ಹುರುಳಿ ಹೊಲಕ್ಕೂ ಮೂರು ಕೊಡ ನೀರು ಬುಡ್ಲಿ.”

ಮಗುವಿನ ಮುದ್ದೆ ಮಾತ್ರ ಒಂದರಿಂದ ಒಂದೂವರೆಗೆ ಏರಿತು.

ಬೇಸಿಗೆಯಲ್ಲಿ ಮಗಳಿಗೆ ಗಂಡು ಮಗು ಹುಟ್ಟಿತು. ಜೂನಿಗೆ ಶಾಲೆ ತೆರೆಯುತ್ತದೆಂದು ಅಳಿಯಂದಿರು ಮೊಮ್ಮಗಳನ್ನು ಕರೆದೊಯ್ಯಲು ಬಂದರು. ದಸರಾ ರಜಕ್ಕೆ ಕಳಿಸುತ್ತೀರಾ ಎಂದು ಕೇಳಿದೆ. ನೋಡೋಣ ಅತ್ತೆ ಎಂದರು. ಪೇಟೆ, ಶಾಲೆ, ತಮ್ಮ, ಹೊಸ ಗೆಳತಿಯರು, ಇಷ್ಟರ ನಡುವೆ ಈ ಅಜ್ಜಿ ಯಾವ ಮೂಲೆಗೆ? ಅವಳು ಮರಳಿ ಬರುತ್ತಾಳೆ ಎನ್ನಲು ನನಗೆ ಬೇಕಿದ್ದ ಭರವಸೆ ಒಂದೇ: ಅವಳ ಬಾಯಿಂದ ‘ಓಗಿ ಬತ್ತಿನಿ’. ಹೊಳೆ ಸುಳ್ಳೆಂದು ನನಗಿಂತ ಚೆನ್ನಾಗಿ ಬಲ್ಲವರು ಯಾರಿದ್ದರು? ಆದರೂ ಬೇಕಿತ್ತು.

ಗುಂಡ್ಲುಪೇಟೆ ಬಸ್ ಸ್ಟಾಂಡಿನಲ್ಲಿ ಅವಳು ಕಿಟಕಿಯ ಪಕ್ಕ ಕೂತಳು. ನಾನು ಕೆಳಗೆ ನಿಂತು ಕಾದೆ. ತುಟಿ ಬಿಗಿಹಿಡಿದಿದ್ದಳು.

“ಏನೋ ಮರ್ತಿದ್ದೀಯಲ್ಲ ಕಣಮ್ಮಿ.”

ಇಲ್ಲವೆಂದು ತಲೆಯಾಡಿಸಿದಳು. ಅಳಿಯಂದಿರು ಹೋಗಿ ಬರುತ್ತೇವೆ ಎಂದರು. ಅವರದು ಯಾರಿಗೆ ಬೇಕಿತ್ತು! ಬಸ್ಸು ತೆರಕಣಾಂಬಿ ರಸ್ತೆಗೆ ತಿರುಗುವವರೆಗೂ ಆ ಬಾಯಿ ತೆರೆಯಲಿಲ್ಲ.

ನಿನ್ನ ಹೊಳೆ ನಿನ್ನನ್ನೇ ನುಂಗಿತಲ್ಲ ಎಂದು ಯಜಮಾನರು ನಾಲ್ಕು ದಿನ ನಕ್ಕರು. ಐದನೆಯ ದಿನದಿಂದ ಅವರೂ ಹೊಳೆಯ ಸುದ್ದಿ ಎತ್ತಲಿಲ್ಲ. ಅವಳ ಚಿಕ್ಕ ತಟ್ಟೆ ಕಣ್ಣಿಗೆ ಬಿದ್ದರೆ ಒಂದೂವರೆ ಮುದ್ದೆ ಹೆಚ್ಚಿಗೆ ಕಟ್ಟಿಬಿಡುತ್ತಿದ್ದೆ. ಅದನ್ನು ತೊಳೆದು, ಒರೆಸಿ, ಅಟ್ಟಕ್ಕೆ ಹಾಕಿಸಿದೆ.

ದಸರಾ ಬಂತು. ಒಂದು ಮಧ್ಯಾಹ್ನ ನಾನು ಹುರುಳಿಕಾಳು ಕೇರುತ್ತಿದ್ದೆ. ಪಕ್ಕದ ಮನೆಯಿಂದ ಬಂದವಳ ಹಾಗೆ ನನ್ನ ಮೊಮ್ಮಗಳು ಒಳಗೆ ಬಂದಳು. ಮುಂದಿನ ಎರಡು ಹಲ್ಲು ಇರಲಿಲ್ಲ. ಹಿಂದೆಯೇ ಚೀಲ ಹಿಡಿದ ಅಳಿಯಂದಿರು. ನನ್ನ ಕೈಯ ಮೊರ ಕಾಳಿನ ಸಮೇತ ನೆಲಕ್ಕೆ ಬಿತ್ತು. ಅವಳು ಅದನ್ನೂ ನೋಡದೆ ನೇರ ಅಡುಗೆಮನೆಗೆ ಹೋಗಿ ಗೂಡಿನಲ್ಲಿ ಹುಡುಕಿದಳು.

“ಅಜ್ಜಿ, ನನ್ ತಟ್ಟೆ ಎಲ್ಲಿ?”

ಅಟ್ಟದ ಮೇಲಿದೆ ಎಂದೆ. ಅವಳ ಹುಬ್ಬು ಗಂಟಿಕ್ಕಿತು.

“ಯಾಕ್ ಮೇಲಿಟ್ಟೆ?”

“ನೀನು ಊರಿಗ್ ಓದ್ಯಲ್ಲ ಕಣಮ್ಮಿ. ಬತ್ತಿನಿ ಅಂತ ಒಂದ್ ಮಾತೂ ಅನ್ನಲಿಲ್ಲ.”

ಎರಡನೇ ಕ್ಲಾಸಿನವಳಿಗೆ ಮೇಷ್ಟ್ರು ಬಿಡಿಸಿ ಹೇಳುವ ಹಾಗೆ ಅವಳು ಹೇಳಿದಳು: “ಓಗಿ ಬತ್ತಿನಿ ಅಂದ್ರೆ ಹೊಳೆ ಮೊದ್ಲು ಕರ್ಕೊಂಡು ಓಯ್ತದಲ್ಲಜ್ಜಿ. ಅದ್ಕೇ ನಾನು ಏನೂ ಅನ್ನಲಿಲ್ಲ. ನಾನು ಓಗೇ ಇಲ್ಲ.”

ನಾನೇ ಹರಿಸಿದ ಹೊಳೆಯಲ್ಲಿ ಇಂಥದೊಂದು ದಾರಿ ಇರುವುದು ನನಗೇ ಗೊತ್ತಿರಲಿಲ್ಲ. ಅಳಿಯಂದಿರು ಬಾಗಿಲಲ್ಲೇ ನಗುತ್ತಾ ನಿಂತರು. ಯಜಮಾನರು ಏಣಿ ತಂದು, ತಾವೇ ಅಟ್ಟ ಹತ್ತಿ, ಧೂಳು ಹಿಡಿದ ತಟ್ಟೆಯನ್ನು ನನ್ನ ಕೈಗೆ ಕೊಟ್ಟರು.

“ನಾಕ್ ತಿಂಗ್ಳಿಂದ ಕೂಸು ಇಲ್ಲೇ ಅದೆ. ಒಂದ್ ತುತ್ತೂ ಹಾಕ್ನಿಲ್ವಲ್ಲಮ್ಮಿ ನೀನು.”

ಸಂತೋಷಕ್ಕೆ ಕರಗಿಹೋದೆ ಎನ್ನಲು ಬಾಯಿ ತೆರೆದವಳು, ಹೊಳೆ ಕೇಳಿಸಿಕೊಂಡೀತೆಂದು ಹಾಗೆಯೇ ಮುಚ್ಚಿಕೊಂಡೆ. ಮುದ್ದೆ ಕಟ್ಟಲು ಕೈ ಬೇಕಿತ್ತು.