ಅಮಾವಾಸ್ಯೆ ಕಳೆದ ಮೇಲೆ ಸಿಕ್ಕ ಜಾಮೀನು

ನಮ್ಮ ಕಡೆ ಮಾರ್ನಮಿ ಅಮಾವಾಸ್ಯೆಗೆ ಸತ್ತ ಹಿರಿಯರು ಮನೆಗೆ ಬರುತ್ತಾರೆ. ಹೊಸ ಬಟ್ಟೆ ಇಟ್ಟು, ದೀಪ ಹಚ್ಚಿ, ಅವರವರಿಗೆ ಇಷ್ಟವಾದದ್ದನ್ನು ಎಲೆಗೆ ಬಡಿಸಿ, ಬಾಗಿಲು ತೆರೆದಿಡಬೇಕು. ಇದೇ ಎಡೆ. ಮಾಂಸ ತಿನ್ನುತ್ತಿದ್ದವರಿಗೆ ಮಾಂಸ, ಕುಡಿಯುತ್ತಿದ್ದವರಿಗೆ ಕುಡಿಯುವುದು. ಹಿರಿಯರ ಮುಂದೆ ಮಡಿವಂತಿಕೆ ನಡೆಯುವುದಿಲ್ಲ.

ತೊಂಬತ್ತರ ದಶಕದ ಕೊನೆಯಿರಬೇಕು. ಹಾನುಬಾಳಿನಾಚೆ ಎಸ್ಟೇಟಿನ ಕೂಲಿಯವರ ಲೈನ್ ಮನೆಯಲ್ಲಿದ್ದ ಒಬ್ಬ ಹೆಂಗಸು ಗಂಡನಿಗೆ ಮೊದಲ ಎಡೆ ಇಡಬೇಕಿತ್ತು. ಕಾಫಿಗೆ ಬೆಳಕು ಬೀಳಲೆಂದು ನೆರಳು ಮರದ ಕೊಂಬೆ ಸವರುವ ಮರಗಸಿಗೆ ಹತ್ತಿದ್ದವನು ಸಿಲ್ವರ್ ಮರದಿಂದ ಬಿದ್ದು ಸತ್ತಿದ್ದ. ಅಂಗಡಿಯ ಪಾಕೆಟ್ ಸಾರಾಯಿ ಅವನಿಗೆ ಸೇರುತ್ತಿರಲಿಲ್ಲ, ಬೆಲ್ಲದ ಕಳ್ಳಭಟ್ಟಿಯೇ ಆಗಬೇಕಿತ್ತು. ಎಲ್ಲಿಂದಲೋ ಒಂದು ಕ್ಯಾನ್ ಹೊಂದಿಸಿ ತರುವಾಗ ಬಸ್ಸಿಳಿದ ಜಾಗದಲ್ಲೇ ಅಬಕಾರಿಯವರಿಗೆ ಸಿಕ್ಕಿಬಿದ್ದಳು.

"ಯಾರದ್ದಮ್ಮ ಇದು?"

"ನಮ್ಮನೆಯೋರ್ದು ಸ್ವಾಮಿ. ಅಮಾಸೆಗೆ ಬತ್ತಾರೆ."

ಹಾಗಾದರೆ ಅವನನ್ನೂ ಹಿಡಿಯೋಣ ಎಂದು ಜೀಪು ಲೈನಿಗೆ ಹೋಯಿತಂತೆ. ಲೈನಿನವರು ಇದನ್ನು ಹೇಳಿಕೊಂಡು ನಗುತ್ತಿದ್ದರು, ನಗುತ್ತಲೇ ಕಣ್ಣೊರೆಸಿಕೊಳ್ಳುತ್ತಿದ್ದರು.

ಅವಳನ್ನು ಹಾಸನದ ಜೈಲಿಗೆ ಕಳಿಸಿದರು. ಮನೆಯಲ್ಲಿ ಬೇರೆ ಯಾರೂ ಇಲ್ಲ. ಸೆರಗಿನ ಗಂಟಿನಲ್ಲಿದ್ದ ಬೀಗದಕೈಯೂ ಅವಳ ಜೊತೆ ಜೈಲು ಸೇರಿತು.

ಜಾಮೀನಿಗೆ ನಿಲ್ಲಲು ಒಪ್ಪಿದವರು ನನ್ನ ಚಿಕ್ಕಪ್ಪ. ಅವರ ತೋಟದ ಮರಗಸಿಯನ್ನೂ ಅವಳ ಗಂಡನೇ ಮಾಡುತ್ತಿದ್ದುದು. ಅಮಾವಾಸ್ಯೆಯ ಹಿಂದಿನ ದಿನ ಅವರ ಜೊತೆ ನಾನೂ ಸಕಲೇಶಪುರದ ಕೋರ್ಟಿಗೆ ಹೋದೆ. ಅವಳನ್ನೂ ಜೈಲಿನಿಂದ ಕರೆತಂದಿದ್ದರು.

"ಅಣ್ಣ, ನಾಳೀಕೆ ಬಾಗ್ಲು ತೆಗಿಯಂಗಾಗ್ತದಾ?" ಎಂದಳು. ಅವಳು ಕೇಳಿದ್ದು ಅದೊಂದನ್ನೇ.

"ಆಗ್ದೇ ಏನು! ನಿನ್ ಗಂಡ ಬರಾದ್ರೊಳಗೆ ನೀನು ಮನೇಲಿರ್ತೀಯ. ಅವ್ನು ಯಾವತ್ತು ಹೊತ್ತಿಗ್ ಸರಿಯಾಗಿ ಮನೆಗ್ ಬಂದವ್ನೆ ಮಾರಾಯ್ತಿ?" ಎಂದರು ಚಿಕ್ಕಪ್ಪ.

ಅವಳು ನಕ್ಕುಬಿಟ್ಟಳು. ಆ ನಗು ನನಗಿನ್ನೂ ನೆನಪಿದೆ.

ಜಮೀನಿರುವ ಒಬ್ಬರು ಜಾಮೀನು ನಿಂತರೆ ಬಿಡುಗಡೆ ಎಂದು ಆದೇಶವಾಯಿತು. ಚಿಕ್ಕಪ್ಪ ಜಂಬದಿಂದಲೇ ಪಹಣಿ ಕೊಟ್ಟರು. ನ್ಯಾಯಾಧೀಶರು ಅದನ್ನು ನೋಡಿ, "ಇದರಲ್ಲಿರೋದು ನಿಮ್ಮ ಹೆಸರಲ್ಲವಲ್ಲ?" ಎಂದರು.

"ನಮ್ಮಪ್ಪಂದು ಸ್ವಾಮಿ."

"ಅವರನ್ನೇ ಕರೆದುಕೊಂಡು ಬನ್ನಿ."

"ತೀರ್ಕಂಡು ಭಾಳ ವರ್ಷ ಆತು. ಅಪ್ಪನ್ ಹೆಸ್ರು ಹೊಡ್ದಾಕಿ ನನ್ ಹೆಸ್ರು ಬರ್ಸಾದಾ ಅಂತ... ಮನ್ಸು ಬರ್ನಿಲ್ಲ."

ನಮ್ಮ ಕಡೆ ಅರ್ಧ ಊರಿನ ಜಮೀನು ಹೀಗೇ ಸತ್ತವರ ಹೆಸರಿನಲ್ಲಿತ್ತು. ಅದನ್ನು ಯಾರೂ ತಪ್ಪೆಂದುಕೊಂಡಿರಲಿಲ್ಲ. ನ್ಯಾಯಾಧೀಶರು ಗದರಲಿಲ್ಲ, ಬೇರೆಯವರನ್ನು ತನ್ನಿ ಎಂದರಷ್ಟೆ. ಯಸಳೂರಿನ ನೆಂಟರೊಬ್ಬರಿಗೆ ಹೇಳಿ ಕಳಿಸಿದೆವು. ಅವರು ಬಸ್ಸಿಳಿಯುವ ಹೊತ್ತಿಗೆ ಕೋರ್ಟಿನ ಬಾಗಿಲು ಹಾಕಿತ್ತು. ಮಾರನೆಯ ದಿನ ಅಮಾವಾಸ್ಯೆಯ ರಜೆ.

ಅಮಾವಾಸ್ಯೆ ಕಳೆದು ಅವಳು ಹೊರಗೆ ಬಂದಳು. ಬಸ್ಸಿನಲ್ಲಿ ಚಿಕ್ಕಪ್ಪ ದಾರಿಯುದ್ದಕ್ಕೂ ಅವಳ ಪಕ್ಕದಲ್ಲೇ ನಿಂತು ಬಂದರು. ಲೈನಿಗೆ ಬಂದು ಬೀಗ ತೆಗೆದಳು. ಒಳಗೆ ಮಣೆಯ ಮೇಲೆ ಹೊಸ ಪಂಚೆ, ಟವೆಲ್ಲು. ಪಕ್ಕದಲ್ಲಿ ಬತ್ತಿ ಹೊಸೆದಿಟ್ಟ ದೀಪ, ಎಣ್ಣೆ ಇನ್ನೂ ಹಾಕಿರಲಿಲ್ಲ.

"ಬಂದು ಬಾಗ್ಲು ಬಡ್ದಿರ್ತಾರೆ ಕಣಣ್ಣ," ಎಂದಳು.

"ಮುಂದಿನ್ ವರ್ಸ ಎಡೆ ಇಡಿವಂತೆ ಬುಡು. ಬತ್ತಾನೆ."

"ಬೀಗ ನೋಡ್ಕಂಡು ಹೋದೋರು ಮತ್ತೆ ಬತ್ತಾರಾ?"

ಚಿಕ್ಕಪ್ಪ ಹೊಸಿಲ ಹೊರಗೆ ಕುಳಿತು ಕಾಲ ಮೇಲಿನ ಜಿಗಣೆ ಕೀಳತೊಡಗಿದರು. ಅವಳು ಪಂಚೆಯನ್ನು ಒಮ್ಮೆ ಬಿಡಿಸಿ ನೋಡಿ, ಅಂಗಡಿಯವನು ಮಡಚಿದ್ದ ಗೆರೆಗಳಲ್ಲೇ ಮತ್ತೆ ಮಡಚಿ, ಟ್ರಂಕಿನ ತಳಕ್ಕೆ ಇಟ್ಟಳು.