ಕತ್ತರಿ ಹಾಕುವ ಮುಂಚೆ

ಕಟಿಂಗ್ ಮಾಸ್ಟರಿಗೆ ಒಂದು ಅಭ್ಯಾಸವಿತ್ತು. ಬಟ್ಟೆ ಎಷ್ಟೇ ಅಗ್ಗದ್ದಿರಲಿ, ಸೀಮೆಸುಣ್ಣದಲ್ಲಿ ಗೀರು ಹಾಕಿದ ಮೇಲೆ ಕತ್ತರಿ ಹಿಡಿದು ಹೆಂಡತಿಯ ಮುಖ ನೋಡುವುದು. ಆಕೆ ಎದುರಿನ ಸ್ಟೂಲಿನಲ್ಲಿ ಕೂತು ಗುಂಡಿಗಳಿಗೆ ಕಾಜಾ ಹಾಕುತ್ತಿದ್ದಳು. ಕನ್ನಡಕದ ಮೇಲಿನಿಂದ ಒಮ್ಮೆ ನೋಡಿ ತಲೆ ಆಡಿಸಿದರೆ ಕತ್ತರಿ ಓಡುತ್ತಿತ್ತು; ಆಡಿಸದಿದ್ದರೆ ಮಾಸ್ಟರು ಮತ್ತೆ ಟೇಪು ಹಿಡಿಯುತ್ತಿದ್ದರು. ಇಪ್ಪತ್ತೆರಡು ವರ್ಷ ಅಂಗಡಿ ನಡೆದದ್ದೇ ಹೀಗೆ. ಗಿರಾಕಿಗಳು ನಗುತ್ತಿದ್ದರು. ನಗಲಿ ಬಿಡಿ, ಒಂದು ಶರ್ಟೂ ಕೆಟ್ಟಿರಲಿಲ್ಲ.

ಇಂಥವರ ಸಂಸಾರ ಕೆಟ್ಟದ್ದು ಹೇಗೆ ಎಂದು ಕೇಳಿದರೆ ಮಾಸ್ಟರಿಗೇ ಗೊತ್ತಿಲ್ಲ. ಮಾತು ಕಡಿಮೆಯಾಗಿತ್ತು, ಸಿಡುಕು ಹೆಚ್ಚಾಗಿತ್ತು. ಒಂದು ಮಧ್ಯಾಹ್ನ ಯಾವುದೋ ಗುಂಡಿಯ ಬಣ್ಣಕ್ಕೆ ಜಗಳ ಹತ್ತಿ, "ನಾಲ್ಕು ದಿನ ನಿಮ್ಮಕ್ಕನ ಮನೇಲಿದ್ದು ಬಾ" ಅಂದುಬಿಟ್ಟರು. ಆಕೆ ಹೋದಳು. ತಾನಾಗಿ ಬರಲಿ ಎಂದು ಇವರು ಕರೆಯಲಿಲ್ಲ, ಕರೆಯಲಿ ಎಂದು ಆಕೆ ಬರಲಿಲ್ಲ. ಬಿಗುಮಾನಕ್ಕೆ ಇಬ್ಬರೂ ಸಮ! ನಾಲ್ಕು ದಿನ ಅಂದದ್ದು ಒಂದು ವರ್ಷ ದಾಟಿತು. ಮಾಸ್ಟರು ಖಾಲಿ ಸ್ಟೂಲಿನ ಕಡೆ ನೋಡದೆ ಹಟದಿಂದ ಕತ್ತರಿ ಓಡಿಸುತ್ತಿದ್ದರು. ಕಾಜಾ ಹಾಕಬೇಕಾದ ಬಟ್ಟೆಗಳ ಗಂಟು ಮಾತ್ರ ವಾರ ವಾರ ಆ ಮನೆಗೆ ಹೋಗಿ ಬರುತ್ತಿತ್ತು.

ಕೊನೆಗೆ ಮಾಸ್ಟರ ಷಡ್ಡಕನೇ ನಡುವೆ ತಲೆ ಹಾಕಿ ಇಬ್ಬರನ್ನೂ ವಕೀಲರ ಮುಂದೆ ಕೂರಿಸಿದ.

"ಹಿಂದೂ ವಿವಾಹ ಕಾಯ್ದೇಲಿ ಇಬ್ರೂ ಒಪ್ಪಿದ್ರೆ ಸುಲಭ," ಅಂದರು ವಕೀಲರು. "ವರ್ಷದಿಂದ ಬೇರೆ ಇದ್ದೀರಿ. ಈಗೊಂದು ಅರ್ಜಿ ಹಾಕಿ, ಆರು ತಿಂಗಳು ಬಿಟ್ಟು ಬಂದು ಮತ್ತೆ ಒಪ್ಪಿಗೆ ಹೇಳಿದ್ರೆ ಮುಗೀತು. ಅಷ್ಟರೊಳಗೆ ಒಬ್ರು ಬೇಡ ಅಂದ್ರೂ ಅಲ್ಲಿಗೇ ನಿಲ್ಲುತ್ತೆ."

ಆಕೆ ತಲೆ ತಗ್ಗಿಸಿದ್ದಳು. ಆಕೆಗೆ ಇದೇ ಬೇಕಿರಬೇಕು ಎಂದುಕೊಂಡು ಮಾಸ್ಟರು ಸಹಿ ಹಾಕಿದರು. ಅವರು ಹಾಕಿದ್ದು ನೋಡಿ ಆಕೆಯೂ ಹಾಕಿದಳು. ಸೀಮೆಸುಣ್ಣದ ಗೀರು ತಾನೇ, ಯಾವಾಗ ಬೇಕಾದರೂ ಒರೆಸಬಹುದು ಎಂದು ಮಾಸ್ಟರು ಆರು ತಿಂಗಳು ತಮಗೆ ತಾವೇ ಸಮಾಧಾನ ಹೇಳಿಕೊಂಡರು. ಒರೆಸಲಿಲ್ಲ.

ವಾಯಿದೆಯ ದಿನ ಕೋರ್ಟಿನ ಮೊಗಸಾಲೆಯ ಬೆಂಚಿನಲ್ಲಿ ಇಬ್ಬರೂ ಕೂತಿದ್ದರು. ಮಾಸ್ಟರು ಹೊಸ ಶರ್ಟು ತೊಟ್ಟಿದ್ದರು. ಹೋದ ವಾರದ ಗಂಟಿನಲ್ಲಿ ಯಾರದೋ ಎಂಬಂತೆ ಹೆಸರಿನ ಚೀಟಿಯಿಲ್ಲದೆ ತಾವೇ ಕಾಜಾಕ್ಕೆ ಕಳಿಸಿದ್ದ ಶರ್ಟು ಅದು.

"ಕಾಲರು ಅರ್ಧ ಇಂಚು ಇಳಿಸಿದ್ದೀರಿ," ಅಂದಳು ಆಕೆ, ಗೋಡೆ ನೋಡುತ್ತಾ. "ಊಟ ಮಾಡ್ತಿಲ್ವಾ?"

ಮಾಸ್ಟರು ಕಾಲರು ಮುಟ್ಟಿ ನೋಡಿಕೊಂಡರು. ಬಿಟ್ಟುಹೋಗುವವರು ಕಾಲರಿನ ಅಳತೆ ಯಾಕೆ ನೋಡಬೇಕು? ಉತ್ತರ ಹೊಳೆಯುವಷ್ಟರಲ್ಲಿ ಒಳಗಿಂದ ಕರೆ ಬಂತು.

"ನಿಮಗೆ ಮನಸಾರೆ ಒಪ್ಪಿಗೆ ಇದೆಯಾ?" ನ್ಯಾಯಾಧೀಶರು ಮೊದಲು ಮಾಸ್ಟರನ್ನೇ ಕೇಳಿದರು.

ಬೇಡ ಅನ್ನಬೇಕು ಅನ್ನಿಸಿತು. ತಾನು ಬೇಡ ಅಂದು, ಆಕೆಗೆ ಬೇಕಾಗಿದ್ದರೆ? ಇವಳನ್ನು ಬಲವಂತವಾಗಿ ಕಟ್ಟಿಹಾಕಿಕೊಂಡ ಹಾಗಾಗುವುದಿಲ್ಲವೆ? ಕಣ್ಣು ತಾನಾಗಿ ಆಕೆಯ ಕಡೆ ಹೋಯಿತು. ಆಕೆ ಕನ್ನಡಕದ ಮೇಲಿನಿಂದ ನೋಡಿ ತಲೆ ಆಡಿಸಿದಳು.

"ಒಪ್ಪಿಗೆ, ಸ್ವಾಮಿ."

ಆಕೆಯ ಮುಖ ಬಿಳಚಿಕೊಂಡಿತು. ಆಕೆಯ ಬಾಯಿಂದ ಅದೇ ಮಾತು ಹೊರಡಲು ನ್ಯಾಯಾಧೀಶರು ಎರಡು ಸಲ ಕೇಳಬೇಕಾಯಿತು.

ಮೆಟ್ಟಿಲ ಮೇಲೆ ಮಾಸ್ಟರು ತಡೆಯಲಾರದೆ ಕೇಳಿದರು. "ಹಾಗ್ಯಾಕೆ ತಲೆ ಆಡಿಸ್ದೆ?"

"ಬೇಡ ಅಂತೀರಿ ಅಂದ್ಕೊಂಡೆ. ನಿಮಗೆ ಬಾಯೇ ಬರ್ತಿರ್ಲಿಲ್ಲ. ಹೇಳಿ, ಹೇಳಿ ಅಂತ ಆಡಿಸ್ದೆ."

"ನೀನೇ ಹೇಳಬಹುದಿತ್ತಲ್ಲ?"

"ನನ್ನನ್ನ ಕಳಿಸಿದ್ದು ನೀವು ಕಣ್ರೀ," ಅಂದು ಆಕೆ ಸೆರಗಿನಿಂದ ಕನ್ನಡಕ ಒರೆಸಿಕೊಂಡಳು. ಷಡ್ಡಕ ಕೆಳಗೆ ಗಾಡಿ ತಂದು ನಿಲ್ಲಿಸಿದ್ದ. ಆಕೆ ಇಳಿದು ಹೋದಳು. ಕರೆಯಬಹುದೋ, ಇನ್ನು ಕರೆಯುವ ಹಕ್ಕು ತನಗಿದೆಯೋ ಇಲ್ಲವೋ, ಒಂದೂ ತಿಳಿಯದೆ ಮಾಸ್ಟರು ನಿಂತೇ ಇದ್ದರು.

ಮರುದಿನ ಬೆಳಿಗ್ಗೆ ಅವಸರದ ಗಿರಾಕಿಯೊಬ್ಬ ಎದುರಿಗೇ ನಿಂತಿದ್ದ. ಮಾಸ್ಟರು ಬಟ್ಟೆ ಹಾಸಿದರು, ಗೀರು ಹಾಕಿದರು, ಕತ್ತರಿ ಎತ್ತಿದರು. ಎತ್ತಿದ ಕೈ ಹಾಗೇ ನಿಂತಿತು.

"ಏನ್ ಮಾಸ್ಟ್ರೇ, ಕತ್ತರಿಸಲ್ವಾ?"

"ತಡೀರಿ," ಅಂದರು ಮಾಸ್ಟರು, ಖಾಲಿ ಸ್ಟೂಲಿನ ಕಡೆ ನೋಡುತ್ತಾ. "ಅವಳು ಒಂದ್ಸಲ ನೋಡ್ಲಿ."