ಮಾರಮ್ಮನ ಹೂವು, ನನ್ನ ಫಿಲ್ಮು

ಕೋಟೆ ತಾಲ್ಲೂಕಿನ ಕಾಡಂಚಿನ ಆ ಬುಡಕಟ್ಟು ಜನರ ಹಾಡಿ ಅಣೆಕಟ್ಟಿನ ನೀರಿನಲ್ಲಿ ಮುಳುಗಲಿತ್ತು. ಜಾಗ ಬಿಡಬೇಕೋ ಬೇಡವೋ ಎಂದು ಹಾಡಿಯವರು ಮಾರಮ್ಮನ ತಲೆಯ ಮೇಲೆ ಹೂವಿಟ್ಟು ಕೂತಿದ್ದರು. ಹೂವು ಬಲಕ್ಕೆ ಬಿದ್ದರೆ ಒಪ್ಪಿಗೆ, ಎಡಕ್ಕೆ ಬಿದ್ದರೆ ಬೇಡ ಎಂದರ್ಥ. ನನ್ನ ಸಾಕ್ಷ್ಯಚಿತ್ರಕ್ಕೆ ಇದಕ್ಕಿಂತ ದೊಡ್ಡ ದೃಶ್ಯ ಬೇಕೆ? ಆದರೆ ಉಳಿದಿದ್ದದ್ದು ಮೂರೇ ನಿಮಿಷದ ಫಿಲ್ಮು. ಆಗಿನ ಕ್ಯಾಮೆರಾಕ್ಕೆ ಗಡಿಯಾರದಂತೆ ಕೀ ಕೊಟ್ಟು ಕೊಟ್ಟು ಓಡಿಸಿದೆ. ಹೂವು ಮಿಸುಕಲಿಲ್ಲ. ‘ತಾಯೀ, ಬೇಗ ಹೇಳಮ್ಮ’ ಎಂದು ಮನಸ್ಸಿನಲ್ಲೇ ಬೇಡಿಕೊಂಡೆ.

ತಡೆಯಲಾರದೆ ಪೂಜೆಯ ಮಾದಜ್ಜನನ್ನು ಕೇಳಿದೆ, “ಅಜ್ಜಾ, ಇನ್ನೆಷ್ಟು ಹೊತ್ತು?”

“ಉಟ್ಟಿದ್ ಜಾಗ ಬುಡೋ ಮಾತು ಕಣ್ ಸ್ವಾಮಿ. ಅವ್ಳೂ ವಸಿ ಯೋಚ್ನೆ ಮಾಡ್ಬ್ಯಾಡ್ವಾ?”

ಅಷ್ಟರಲ್ಲಿ ಫಿಲ್ಮು ಮುಗಿಯಿತು. ನಾನು ಹಣೆ ಚಚ್ಚಿಕೊಳ್ಳುವ ಹೊತ್ತಿಗೆ ಸರಿಯಾಗಿ ಹೂವು ಎಡಕ್ಕೆ ಬಿತ್ತು.

ಅಜ್ಜ ಅಳುತ್ತಲೇ ನಕ್ಕ. “ಸಿಕ್ತಾ ಸ್ವಾಮಿ? ಅಮ್ಮ ಬ್ಯಾಡ ಅಂದದ್ದ ದೊಡ್ಡೋರ್ಗೆ ತೋರ್ಸ್ಬುಡಿ.”

ಫಿಲ್ಮು ಮುಗಿದ ಕ್ಯಾಮೆರಾವನ್ನು ಚೀಲಕ್ಕೆ ಸೇರಿಸಿದೆ. ದೇವರ ಮೇಲೆ ರೇಗುವಂತೆಯೂ ಇಲ್ಲ, ಸುಮ್ಮನೆ ಕೈಮುಗಿದೆ.

ದೊಡ್ಡವರು ಚಿತ್ರ ನೋಡಿದರು, ಹಾಡಿಯನ್ನೂ ಒಕ್ಕಲೆಬ್ಬಿಸಿದರು. ಚಿತ್ರದಲ್ಲಿ ಮಾರಮ್ಮ ಇವತ್ತಿಗೂ ಯೋಚನೆ ಮಾಡುತ್ತಲೇ ಇದ್ದಾಳೆ.